ತಿದ್ದದೆ ಬರೆದಿಡಿ: ಬೆಟ್ಟದ ಪೋಡಿನ ನುಡಿ, ನಡಾವಳಿಗಳನ್ನು ಉಳಿಸಿಕೊಳ್ಳುವ ಬಗೆ

ಚಾಮರಾಜನಗರ ಜಿಲ್ಲೆಯ ಬಿಳಿಗಿರಿರಂಗನ ಬೆಟ್ಟ, ಮಲೆ ಮಹದೇಶ್ವರ ಬೆಟ್ಟ, ಅಲ್ಲಿಂದ ಗಡಿ ದಾಟಿದರೆ ತಮಿಳುನಾಡಿನ ಸತ್ಯಮಂಗಲದ ಕಾಡು, ಇಷ್ಟು ಹರವಿನಲ್ಲಿ ಸೋಲಿಗ ಬುಡಕಟ್ಟಿನವರ ಪೋಡುಗಳು ಚದುರಿಕೊಂಡಿವೆ. ಪೋಡು ಎಂದರೆ ಸೋಲಿಗರ ಊರು. ಕೆಲವು ಪೋಡುಗಳು ಡಾಂಬರು ರಸ್ತೆಯ ಪಕ್ಕಕ್ಕೇ ಬಂದಿವೆ. ಪುರಾಣಿ, ಕೆರೆದಿಂಬ, ಗೊಂಬೆಗಲ್ಲಿನಂಥವು ಇಂದಿಗೂ ಕಾಡಿನ ಒಳಗಿವೆ. ಇಂಥ ಒಂಟಿ ಊರನ್ನು ಕಂಡ ಹೊರಗಿನವರು, ಇಲ್ಲಿ ನುಡಿಯೂ ನಡಾವಳಿಯೂ ತಾವಾಗಿಯೇ ಉಳಿದಿರುತ್ತವೆ ಎಂದುಕೊಳ್ಳುತ್ತಾರೆ. ದೂರವೇ ಕಾವಲು ಎಂಬ ಈ ನಂಬಿಕೆ ತಪ್ಪು. ಊರು ದೂರವಿದ್ದಷ್ಟೂ ಶಾಲೆ ದೂರ; ಶಾಲೆ ದೂರವಾದಷ್ಟೂ ಮಗು ಎಳವೆಯಲ್ಲೇ ಆಶ್ರಮ ಶಾಲೆಯ ಹಾಸ್ಟೆಲ್ ಸೇರುತ್ತದೆ; ಅಜ್ಜಿಯ ಪಕ್ಕದಲ್ಲಿ ಕುಳಿತು ಮಾತು ಕಲಿಯಬೇಕಾದ ವರ್ಷಗಳು ವಾರ್ಡನ್ನರ ಕನ್ನಡದಲ್ಲಿ ಕಳೆದುಹೋಗುತ್ತವೆ.

ಸೋಲಿಗ ನುಡಿಗೆ ಇದಕ್ಕಿಂತ ಸೂಕ್ಷ್ಮವಾದ ಇನ್ನೊಂದು ಅಪಾಯವಿದೆ. ಅದು ಕನ್ನಡಕ್ಕೆ ಬಹಳ ಹತ್ತಿರದ ನುಡಿ. ಬೇರೆ ಭಾಷೆಯೋ, ಕನ್ನಡದ ಉಪಭಾಷೆಯೋ ಎಂಬ ಚರ್ಚೆ ವಿದ್ವಾಂಸರ ನಡುವೆ ಇನ್ನೂ ಮುಗಿದಿಲ್ಲ. ಪಕ್ಕದ ದೊಡ್ಡ ಭಾಷೆ ತೀರ ಬೇರೆಯಾಗಿದ್ದರೆ, ತನ್ನ ನುಡಿಯನ್ನು ಬಿಡುವವನಿಗೆ ತಾನು ಬಿಡುತ್ತಿದ್ದೇನೆ ಎಂದಾದರೂ ತಿಳಿಯುತ್ತದೆ. ಇಲ್ಲಿ ಹಾಗಲ್ಲ. ಮಗು ಆಡಿದ ಸೋಲಿಗ ಪದವನ್ನು ಮೇಷ್ಟ್ರು ಪ್ರೀತಿಯಿಂದಲೇ ತಿದ್ದುತ್ತಾರೆ, ಮಗು ಒಪ್ಪಿಕೊಳ್ಳುತ್ತದೆ, ತಾಯಿಯೂ ತನ್ನದು ಕೆಟ್ಟ ಕನ್ನಡವೆಂದು ನಂಬಿ ಮನೆಯಲ್ಲಿಯೇ ತಿದ್ದಿಕೊಳ್ಳತೊಡಗುತ್ತಾಳೆ. ಒಂದು ನುಡಿಯ ಜಾಗಕ್ಕೆ ಇನ್ನೊಂದು ಬಂದು ಕುಳಿತದ್ದು ಯಾರ ಗಮನಕ್ಕೂ ಬರುವುದಿಲ್ಲ. ಆದ್ದರಿಂದ ಈ ಕೆಲಸಕ್ಕೆ ಇಳಿಯುವವರು, ಅವರು ಪೋಡಿನ ಯುವಕ ಯುವತಿಯರಾಗಿರಲಿ, ಅಂಗನವಾಡಿ ಕಾರ್ಯಕರ್ತೆಯಾಗಿರಲಿ, ನನ್ನಂತೆ ಬಯಲಿನಿಂದ ಹೋದ ಕನ್ನಡದವರಾಗಿರಲಿ, ಮೊದಲು ಬಿಡಬೇಕಾದದ್ದು ತಿದ್ದುವ ಚಾಳಿಯನ್ನು. ಕೆಳಗೆ ಬರೆದಿರುವುದು ಈ ಒಂದು ಮಾತಿನ ಸುತ್ತಲೇ ಇದೆ. ಸೋಲಿಗರ ಉದಾಹರಣೆ ಹಿಡಿದು ಹೇಳಿದರೂ ಜೇನುಕುರುಬರ ಹಾಡಿಗೋ ಮಲೆನಾಡಿನ ಇನ್ನಾವುದೋ ಮೂಲೆಯ ಊರಿಗೋ ಇದನ್ನು ಸಣ್ಣಪುಟ್ಟ ಬದಲಾವಣೆಯೊಂದಿಗೆ ಅನ್ವಯಿಸಿಕೊಳ್ಳಬಹುದು.

ಮೊದಲು ಅನುಮತಿ, ಆಮೇಲೆ ಮೈಕು

ಪೋಡಿಗೆ ಹೋದ ದಿನವೇ ರೆಕಾರ್ಡರ್ ತೆಗೆಯಬೇಡಿ. ಯಜಮಾನರನ್ನು, ಪೂಜೆ ನಡೆಸುವ ತಮ್ಮಡಿಯನ್ನು, ಸ್ವಸಹಾಯ ಸಂಘದ ಹೆಂಗಸರನ್ನು, ಗ್ರಾಮಸಭೆಯ ಅರಣ್ಯ ಹಕ್ಕು ಸಮಿತಿಯವರನ್ನು ಒಟ್ಟಿಗೆ ಕೂರಿಸಿ, ಏನನ್ನು ಬರೆದಿಡಬೇಕು, ಯಾಕೆ ಬರೆದಿಡಬೇಕು, ಬರೆದಿಟ್ಟದ್ದು ಯಾರ ಬಳಿ ಇರಬೇಕು ಎಂಬ ಮೂರು ಪ್ರಶ್ನೆಗಳನ್ನು ಅವರ ಮುಂದಿಡಿ. ಮೂರನೆಯ ಪ್ರಶ್ನೆಯೇ ಮುಖ್ಯವಾದದ್ದು. ಬೆಟ್ಟದಲ್ಲಿ ಹಾಡಿಸಿಕೊಂಡು ಹೋದವರು ಬಹಳ ಮಂದಿ, ಹಾಡನ್ನು ಹಿಂದಿರುಗಿಸಿದವರು ಕೆಲವೇ ಮಂದಿ. ನಾನೇ ಸೇರಿಕೊಂಡಿದ್ದ ಒಂದು ತಂಡ ಎರಡು ಬೇಸಿಗೆಗಳ ಧ್ವನಿಮುದ್ರಣವನ್ನು ಒಂದೇ ಹಾರ್ಡ್ ಡಿಸ್ಕಿನಲ್ಲಿ ಇಟ್ಟುಕೊಂಡು, ಅದು ಕೆಟ್ಟಾಗ ಎಲ್ಲವನ್ನೂ ಕಳೆದುಕೊಂಡಿತು. ಮುಂದಿನ ವರ್ಷ ಅದೇ ಪೋಡಿಗೆ ಬರಿಗೈಯಲ್ಲಿ ಹೋಗಿ, ಅದೇ ಅಜ್ಜಿಗೆ ಅದೇ ಕತೆಯನ್ನು ಮತ್ತೆ ಹೇಳಿ ಎಂದು ಕೇಳಬೇಕಾಗಿ ಬಂದದ್ದು ಈಗಲೂ ನಾಚಿಕೆಯ ಸಂಗತಿ. ಅಜ್ಜಿ ಹೇಳಿದರು. ಆದರೆ ಮೊದಲ ಸಲದ ಅರ್ಧದಷ್ಟೂ ಹೇಳಲಿಲ್ಲ.

ಒಪ್ಪಿಗೆಯನ್ನು ಕಾಗದದ ಮೇಲೆ ಹೆಬ್ಬೆಟ್ಟು ಒತ್ತಿಸಿಕೊಳ್ಳುವುದಕ್ಕಿಂತ ಧ್ವನಿಯಲ್ಲಿಯೇ ಪಡೆಯುವುದು ಮೇಲು. ಹೇಳುವವರು ತಮ್ಮ ನುಡಿಯಲ್ಲೇ ‘ಇದನ್ನು ಇಂಥವರು ಕೇಳಬಹುದು, ಇಂಥವರು ಕೇಳಬಾರದು’ ಎಂದು ಮುದ್ರಣದ ಆರಂಭದಲ್ಲಿ ಹೇಳಲಿ. ನಾವು ಬಳಸುವ ವಿಂಗಡಣೆ ಸರಳವಾದದ್ದು: ಎಲ್ಲರೂ ಕೇಳಬಹುದಾದದ್ದು, ಪೋಡಿನವರು ಮಾತ್ರ ಕೇಳಬಹುದಾದದ್ದು, ಒಂದು ಕುಲದವರೋ ಹೆಂಗಸರೋ ಮಾತ್ರ ಕೇಳಬಹುದಾದದ್ದು, ಮುದ್ರಿಸಲೇಬಾರದ್ದು. ಕೊನೆಯದನ್ನು ಗೌರವಿಸುವುದು ಕಷ್ಟ, ಏಕೆಂದರೆ ಅದೇ ಅತ್ಯಂತ ಕುತೂಹಲದ ವಿಷಯವಾಗಿರುತ್ತದೆ. ಔಷಧದ ಗಿಡ, ಬೇರುಗಳ ಬಗೆಗಿನ ತಿಳಿವಳಿಕೆಯನ್ನು ಯೂಟ್ಯೂಬಿಗೆ ಹಾಕುವ ಮುನ್ನ ಹತ್ತು ಸಲ ಯೋಚಿಸಿ. ಒಮ್ಮೆ ಹೊರಬಿದ್ದದ್ದನ್ನು ಹಿಂದಕ್ಕೆ ಪಡೆಯಲಾಗದು. 2006ರ ಅರಣ್ಯ ಹಕ್ಕು ಕಾಯ್ದೆಯು ಜೀವವೈವಿಧ್ಯ ಮತ್ತು ಸಾಂಸ್ಕೃತಿಕ ವೈವಿಧ್ಯಕ್ಕೆ ಸಂಬಂಧಿಸಿದ ಪಾರಂಪರಿಕ ಜ್ಞಾನದ ಮೇಲಿನ ಸಮುದಾಯದ ಹಕ್ಕನ್ನು ಸ್ಪಷ್ಟವಾಗಿಯೇ ಹೇಳಿದೆ ಎಂಬುದನ್ನು ಈ ಮೊದಲ ಸಭೆಯಲ್ಲಿಯೇ ತಿಳಿಸಿ. ಅದನ್ನು ತಿಳಿದ ಮೇಲೆ ಜನ ಕೇಳುವ ಪ್ರಶ್ನೆಗಳೇ ಬೇರೆಯಾಗುತ್ತವೆ.

ಪದಪಟ್ಟಿ ಹಿಡಿದು ಕೂರಬೇಡಿ, ನಡೆಯಿರಿ

ಹೊಸಬರು ಸಾಮಾನ್ಯವಾಗಿ ಪದಪಟ್ಟಿಯಿಂದ ಆರಂಭಿಸುತ್ತಾರೆ. ಕೈಗೆ ಏನನ್ನುತ್ತೀರಿ, ನೀರಿಗೆ ಏನನ್ನುತ್ತೀರಿ, ಮರಕ್ಕೆ ಏನನ್ನುತ್ತೀರಿ ಎಂದು ಕನ್ನಡದಲ್ಲಿ ಕೇಳಿದರೆ, ಎದುರಿನವರು ಮರ್ಯಾದೆಗೆಂದು ಕನ್ನಡದಲ್ಲೇ ಉತ್ತರಿಸುತ್ತಾರೆ. ದಿನದ ಕೊನೆಗೆ ನಿಮ್ಮ ಪುಸ್ತಕದಲ್ಲಿ ನಿಮ್ಮದೇ ಭಾಷೆ ತುಂಬಿರುತ್ತದೆ. ಮೊದಲ ಕೆಲಸವಾಗಿ ಜಾಗಗಳ ಹೆಸರನ್ನು ಹಿಡಿಯಿರಿ. ಅದಕ್ಕೆ ಕಾರಣವಿದೆ. ಬೆಟ್ಟದ ನುಡಿಯಲ್ಲಿ ಕಾಡಿನ ದಾರಿಯ ಪ್ರತಿ ತಿರುವಿಗೂ ಹೆಸರಿರುತ್ತದೆ, ಪ್ರತಿ ಹೆಸರಿಗೂ ಒಂದು ಕತೆಯೋ ಕೆಲಸವೋ ದೇವರೋ ಅಂಟಿಕೊಂಡಿರುತ್ತದೆ, ಮತ್ತು ಆ ಜಾಗದಲ್ಲಿ ನಿಂತಾಗ ಮಾತ್ರ ಅದು ನೆನಪಿಗೆ ಬರುತ್ತದೆ. ಮನೆಯ ಜಗುಲಿಯಲ್ಲಿ ‘ನೆನಪಿಲ್ಲ ಬಿಡಿ’ ಎಂದಿದ್ದ ಹಿರಿಯರು ಹಳ್ಳ ದಾಟುತ್ತಿದ್ದಂತೆ ಅರ್ಧ ಗಂಟೆ ಮಾತನಾಡಿದ್ದನ್ನು ನಾನು ಒಂದಲ್ಲ, ಹಲವು ಸಲ ಕಂಡಿದ್ದೇನೆ.

ಸೋಲಿಗರಲ್ಲಿ ಇದಕ್ಕೆ ಸಿದ್ಧವಾದ ಚೌಕಟ್ಟೇ ಇದೆ. ಅವರ ಪ್ರತಿ ಕುಲಕ್ಕೂ ಕಾಡಿನಲ್ಲಿ ತನ್ನದೇ ಯೆಲ್ಲೆಗಳಿವೆ. ಬಯಲಿನ ಕನ್ನಡದಲ್ಲಿ ಎಲ್ಲೆ ಎಂದರೆ ಗಡಿ, ಮೇರೆ. ಸೋಲಿಗರ ಯೆಲ್ಲೆ ಗೆರೆಯಲ್ಲ, ಗೆರೆಯೊಳಗಿನ ನೆಲ. ಒಂದು ಯೆಲ್ಲೆಯಲ್ಲಿ ದೇವರು, ಮಾರಮ್ಮ, ವೀರು, ಕಲ್ಲುಗುಡಿ, ಅಬ್ಬಿ ಎಂಬ ಪೂಜೆಯ ನೆಲೆಗಳಿರುತ್ತವೆ. ಈ ಹೆಸರುಗಳಲ್ಲಿ ಒಂದೂ ಕನ್ನಡದವರಿಗೆ ಅಪರಿಚಿತವಲ್ಲ, ಆದರೆ ಒಂದರ ಅರ್ಥವೂ ನಾವು ಅಂದುಕೊಂಡಷ್ಟೇ ಅಲ್ಲ. ಬೆಟ್ಟದ ಯೆಲ್ಲೆಗಳನ್ನು ಸೋಲಿಗರೂ ಸಂಶೋಧಕರೂ ಸೇರಿ ನಡೆದು ನಕ್ಷೆ ಮಾಡಿದ ಕೆಲಸ ಈಗಾಗಲೇ ನಡೆದಿದೆ. ಸೋಲಿಗರಲ್ಲೇ ಹುಟ್ಟಿ ಸಂಶೋಧಕರಾದ ಡಾ. ಸಿ. ಮಾದೇಗೌಡರಂಥವರು ಅದರಲ್ಲಿದ್ದರು. ನಿಮ್ಮ ಪೋಡಿನ ಹತ್ತಿರದ ನಕ್ಷೆ ಸಿಗುವುದಾದರೆ ಅದನ್ನು ಹಿಡಿದು ಹೊರಡಿ, ಬಿಟ್ಟುಹೋದದ್ದನ್ನು ತುಂಬಿರಿ.

ನಡಿಗೆಗೆ ಇಬ್ಬರು ಹಿರಿಯರು, ಇಬ್ಬರು ಹುಡುಗರು, ಬರೆಯುವವರೊಬ್ಬರು ಸಾಕು. ಹುಲಿ ಸಂರಕ್ಷಿತ ಪ್ರದೇಶವಾದ್ದರಿಂದ ಹೊರಗಿನವರಿಗೆ ಅರಣ್ಯ ಇಲಾಖೆಯ ಅನುಮತಿ ಬೇಕು. ಬಿಸಿಲೇರಿದ ಮೇಲೆ ಹೊರಟು, ಆನೆ ನೀರಿಗಿಳಿಯುವ ಹೊತ್ತಿಗೆ ಮುನ್ನ ಹಿಂತಿರುಗುವಂತೆ ಲೆಕ್ಕ ಹಾಕಿ. ಪುಸ್ತಕದಲ್ಲಿ ಹೆಸರು, ಅದನ್ನು ಹೇಳಿದವರು ಯಾರು, ಅವರ ಕುಲ ಯಾವುದು, ಅಲ್ಲಿ ಏನಿದೆ, ಹಿಂದೆ ಏನಿತ್ತು, ಯಾವ ತಿಂಗಳಲ್ಲಿ ಅಲ್ಲಿಗೆ ಹೋಗುತ್ತಿದ್ದರು, ಯಾಕೆ ಎಂಬುದನ್ನು ಬರೆಯಿರಿ. ಇಬ್ಬರು ಹಿರಿಯರು ಎರಡು ಹೆಸರು ಹೇಳಿದರೆ ಎರಡನ್ನೂ ಬರೆಯಿರಿ, ತೀರ್ಪು ಕೊಡಬೇಡಿ. ಫೋನಿನ ಜಿಪಿಎಸ್ ಗುರುತನ್ನು ಬರೆದುಕೊಳ್ಳಬಹುದು, ಆದರೆ ಪೂಜೆಯ ನೆಲೆಗಳ ಗುರುತು ಪೋಡಿನ ಪ್ರತಿಯಲ್ಲಿ ಮಾತ್ರ ಇರಲಿ. ಅಂತರ್ಜಾಲದ ನಕ್ಷೆಗೆ ಅದನ್ನು ಏರಿಸಿದರೆ ಮುಂದಿನ ವಾರಾಂತ್ಯಕ್ಕೆ ಬೈಕಿನವರು ಅಲ್ಲಿರುತ್ತಾರೆ.

ಕೆಲಸದ ನುಡಿಯನ್ನು ಕೂಡ ಕೆಲಸದ ನಡುವೆಯೇ ಹಿಡಿಯಬೇಕು. ಜೇನು ಇಳಿಸುವುದು, ಮಾಕಳಿಬೇರು ಕೀಳುವುದು, ನೆಲ್ಲಿಕಾಯಿ ಉದುರಿಸುವುದು, ರಾಗಿ ಬಿತ್ತುವುದು, ಬಿದಿರು ಸೀಳುವುದು, ಇವುಗಳಲ್ಲಿ ಒಂದೊಂದನ್ನೂ ಆರಂಭದಿಂದ ಕೊನೆಯವರೆಗೆ ಮುದ್ರಿಸಿ. ಜೇನು ಎಂಬ ಒಂದು ಪದ ಕೇಳಿದರೆ ನಾಲ್ಕು ಬಗೆಯ ಜೇನಿನ ಹೆಸರು ಸಿಕ್ಕೀತು. ಮರ ಹತ್ತುವವನ ಕೆಳಗೆ ನಿಂತರೆ ಜೇನುಹುಟ್ಟಿನ ಯಾವ ಭಾಗಕ್ಕೆ ಯಾವ ಹೆಸರು, ಹೊಗೆ ಹಿಡಿಯುವ ಕಂತೆಯ ಹೆಸರು, ಬುಟ್ಟಿ ಇಳಿಸುವ ಹಗ್ಗದ ಹೆಸರು, ಜೇನುಹುಳಕ್ಕೆ ಬೈಯುವ ಮಾತು, ಎಲ್ಲವೂ ಸಿಗುತ್ತವೆ. ಬೈಗುಳವನ್ನು ಬಿಡಬೇಡಿ.

ಪ್ರಶ್ನೆ ಕೇಳುವವರು ನೀವಾಗಬೇಡಿ. ಪೋಡಿನ ಹುಡುಗಿಯೊಬ್ಬಳು ತನ್ನ ಅಜ್ಜಿಗೆ ಪ್ರಶ್ನೆ ಕೇಳಿದರೆ ಅಜ್ಜಿ ಸೋಲಿಗ ನುಡಿಯಲ್ಲಿಯೇ ಉತ್ತರಿಸುತ್ತಾಳೆ. ನೀವು ಮೂಲೆಯಲ್ಲಿ ಮೈಕು ಹಿಡಿದು ಸುಮ್ಮನಿರಿ. ‘ಹೌದಾ’, ‘ಓಹೋ’ ಎಂದು ನಡುನಡುವೆ ಬಾಯಿ ಹಾಕಿದರೂ ಹೇಳುವವರ ಮಾತು ನಿಮ್ಮ ಕಡೆಗೆ, ನಿಮ್ಮ ಕನ್ನಡದ ಕಡೆಗೆ ವಾಲುತ್ತದೆ.

ಕಿವಿಗೆ ಬಿದ್ದಂತೆ ಬರೆಯುವುದು

ಇಡೀ ಕೆಲಸದಲ್ಲಿ ನಿಜವಾದ ಕಷ್ಟವಿರುವುದು ಇಲ್ಲಿ. ಕನ್ನಡ ಬಲ್ಲವರ ಕೈ ತಾನಾಗಿಯೇ ತಿದ್ದುತ್ತದೆ. ನನ್ನ ಮೊದಲ ವರ್ಷದ ಪುಸ್ತಕದಿಂದ ಒಂದು ಉದಾಹರಣೆ ಕೊಡುತ್ತೇನೆ. ಹಿರಿಯರೊಬ್ಬರು ನೆಲ್ಲಿಮರಗಳು ಸೊರಗುತ್ತಿರುವುದರ ಬಗ್ಗೆ ಮಾತನಾಡುತ್ತಿದ್ದರು. ಮರದ ಕೊಂಬೆಯ ಮೇಲೆ ಬೆಳೆದು ಅದರ ರಸ ಹೀರುವ ಗಿಡವನ್ನು ಅವರು ಉಪ್ಪಿಲು ಎಂದರು. ನಾನು ಅದನ್ನು ಕೇಳಿದೆ, ಅರ್ಥಮಾಡಿಕೊಂಡೆ, ಬಂದಳಿಕೆ ಎಂದು ಬರೆದೆ. ಹಿಂದೆ ಸಣ್ಣ ಬೆಂಕಿ ಹಾಕುತ್ತಿದ್ದಾಗ ಅದು ಇಷ್ಟು ಹಬ್ಬುತ್ತಿರಲಿಲ್ಲ ಎಂದೂ ಅವರು ಹೇಳಿದರು. ಅವರ ಬಾಯಲ್ಲಿ ಇದ್ದದ್ದು ತರಗು ಬೆಂಕಿ, ನನ್ನ ಪುಸ್ತಕದಲ್ಲಿ ಉಳಿದದ್ದು ಕಾಡ್ಗಿಚ್ಚು. ಸಂಜೆ ಓದಿ ಹೇಳಿದಾಗ ಅವರು ಸ್ವಲ್ಪ ಹೊತ್ತು ಸುಮ್ಮನಿದ್ದು, ‘ಇದನ್ನ ನಾನು ಹೇಳಲಿಲ್ಲವಲ್ಲ’ ಎಂದರು.

ಅವರ ಮಾತು ಸರಿಯಾಗಿತ್ತು. ತರಗು ಬೆಂಕಿ ಕಾಡ್ಗಿಚ್ಚಲ್ಲ. ಒಣಹವೆ ತೀವ್ರವಾಗುವ ಮುನ್ನ, ನೆಲದ ತರಗೆಲೆ ಮಾತ್ರ ಉರಿದುಹೋಗುವಂತೆ ಸೋಲಿಗರು ಹಾಕುತ್ತಿದ್ದ ತಣ್ಣನೆಯ ಬೆಂಕಿ ಅದು. ಮರ ಸುಡುವ, ಎಲ್ಲರೂ ಹೆದರುವ ಕಿಚ್ಚು ಬೇರೆ. 1974ರಲ್ಲಿ ಈ ಬೆಟ್ಟ ವನ್ಯಜೀವಿಧಾಮವಾಯಿತು, ಬೇಟೆ ಮತ್ತು ಕಾಡು ಕಡಿದು ಸುಟ್ಟು ಬಿತ್ತುವ ಕುಮರಿ ಬೇಸಾಯದೊಂದಿಗೆ ಬೆಂಕಿಯೂ ನಿಂತಿತು. ಬೆಂಕಿ ನಿಂತ ಮೇಲೆ ಉಪ್ಪಿಲು ಹೆಚ್ಚಿತು, ಲಂಟಾನ ಎಂಬ ಕಳೆಗಿಡ ಕಾಡನ್ನು ತುಂಬಿತು ಎಂಬುದು ಸೋಲಿಗರ ವಾದ, ಮತ್ತು ಅದನ್ನು ವಿಜ್ಞಾನಿಗಳು ಗಂಭೀರವಾಗಿ ಪರಿಶೀಲಿಸಿದ್ದಾರೆ. ತರಗು ಬೆಂಕಿಯನ್ನು ಕಾಡ್ಗಿಚ್ಚೆಂದು ಬರೆದ ನನ್ನ ವಾಕ್ಯ, ಆ ವಾದವನ್ನೇ ಅಳಿಸಿಹಾಕಿ, ಹಿರಿಯರನ್ನು ಕಾಡು ಸುಡುವವರನ್ನಾಗಿ ಮಾಡಿತ್ತು. ಒಂದು ಪದವನ್ನು ತಿದ್ದಿದರೆ ಕೆಲವೊಮ್ಮೆ ಇಷ್ಟು ದೂರ ಹೋಗುತ್ತದೆ.

ಅಂದಿನಿಂದ ಪ್ರತಿ ವಾಕ್ಯವನ್ನೂ ಎರಡು ಸಾಲಿನಲ್ಲಿ ಬರೆಯುತ್ತೇವೆ. ಮೇಲಿನ ಸಾಲಿನಲ್ಲಿ ಕಿವಿಗೆ ಬಿದ್ದದ್ದು, ಕೆಳಗಿನ ಸಾಲಿನಲ್ಲಿ ಕನ್ನಡದ ಅರ್ಥ. ಮೇಲಿನ ಸಾಲನ್ನು ಪೋಡಿನವರೇ ಬರೆಯಬೇಕು, ಅಥವಾ ಬರೆದದ್ದನ್ನು ಅವರಿಗೆ ಓದಿ ಹೇಳಿ ಒಪ್ಪಿಸಬೇಕು. ಕನ್ನಡ ಲಿಪಿ ಇದಕ್ಕೆ ಸಾಲುತ್ತದೆಯೇ ಎಂದು ಕೇಳುವವರಿಗೆ ಕೊಡಗಿನ ಉದಾಹರಣೆ ಇದೆ. ನಡಿಕೇರಿಯಂಡ ಚಿಣ್ಣಪ್ಪನವರು 1924ರಲ್ಲಿ ಪಟ್ಟೋಲೆ ಪಳಮೆಯನ್ನು ಹೊರತಂದಾಗ ಕೊಡವ ಹಾಡುಗಳನ್ನು ಕನ್ನಡ ಲಿಪಿಯಲ್ಲಿ, ಆದರೆ ಕೊಡವರ ನುಡಿಯಾದ ಕೊಡವ ತಕ್ಕ್‌ನಲ್ಲಿಯೇ ಬರೆದರು. ಕನ್ನಡದಲ್ಲಿಲ್ಲದ ಸ್ವರಗಳು ಕೊಡವದಲ್ಲಿವೆ ಎಂಬ ಕಾರಣಕ್ಕೆ ಕಾದು ಕೂತಿದ್ದರೆ ಆ ಹಾಡುಗಳಲ್ಲಿ ಎಷ್ಟು ಉಳಿಯುತ್ತಿದ್ದವೋ ಹೇಳಲಾಗದು. ನಿಮ್ಮ ನುಡಿಯಲ್ಲಿ ಕನ್ನಡಕ್ಕಿಲ್ಲದ ಧ್ವನಿ ಕೇಳಿಸಿದರೆ, ಅಕ್ಷರದ ಕೆಳಗೆ ಚುಕ್ಕೆಯನ್ನೋ ಮೇಲೆ ಗೆರೆಯನ್ನೋ ಗುರುತಾಗಿ ಇಟ್ಟುಕೊಂಡು, ಪುಸ್ತಕದ ಮೊದಲ ಪುಟದಲ್ಲಿ ಆ ಗುರುತಿನ ಅರ್ಥವನ್ನು ಬರೆದಿಡಿ. ಹಳಗನ್ನಡದ ೞ, ಱ ಅಕ್ಷರಗಳು ಯೂನಿಕೋಡಿನಲ್ಲಿ ಇವೆ, ಬೇಕಾದರೆ ಬಳಸಿಕೊಳ್ಳಬಹುದು. ಗುರುತು ಯಾವುದೆಂಬುದು ಮುಖ್ಯವಲ್ಲ. ಮೊದಲ ಪುಟದಿಂದ ಕೊನೆಯ ಪುಟದವರೆಗೆ ಅದೇ ಗುರುತು ಇರುವುದು ಮುಖ್ಯ.

ಊರಿನ ಹೆಸರುಗಳಿಗೂ ಇದೇ ನಿಯಮ. ಸರ್ಕಾರಿ ಕಾಗದಗಳು ಪೋಡನ್ನು ಹಾಡಿ ಎಂದೋ ಕಾಲೊನಿ ಎಂದೋ ಬರೆಯುತ್ತವೆ; ಪೋಡು ಎಂದರೆ ತಾಲ್ಲೂಕು ಕಚೇರಿಯಲ್ಲಿ ಕೆಲವರಿಗೆ ಜಮೀನು ಅಳೆದು ಭಾಗಮಾಡುವ ಪೋಡಿಯೇ ನೆನಪಾಗುವುದೂ ಉಂಟು. ನಿಮ್ಮ ಪುಸ್ತಕದಲ್ಲಾದರೂ ಪೋಡು ಪೋಡಾಗಿಯೇ ಇರಲಿ.

ಯಂತ್ರದ ಮಾತು

ದುಬಾರಿ ಸಲಕರಣೆ ಬೇಡ. ಸಾಮಾನ್ಯ ಸ್ಮಾರ್ಟ್‌ಫೋನು, ಅಂಗಿಗೆ ಸಿಕ್ಕಿಸುವ ಒಂದು ಮೈಕು, ಗಾಳಿಯ ಸದ್ದು ತಡೆಯುವ ಸ್ಪಂಜಿನ ಟೊಪ್ಪಿ ಇದ್ದರೆ ಕೆಲಸ ನಡೆಯುತ್ತದೆ. ರೆಕಾರ್ಡಿಂಗ್ ಆ್ಯಪಿನ ಸೆಟ್ಟಿಂಗಿನಲ್ಲಿ ಎಂಪಿ3 ಬದಲು ವೇವ್ (WAV) ಆಯ್ಕೆ ಮಾಡಿ, 48 ಕಿಲೋಹರ್ಟ್ಜ್, 16 ಬಿಟ್ ಇರಲಿ. ಎಂಪಿ3 ಕಡತವನ್ನು ಸಣ್ಣದು ಮಾಡಲು ಧ್ವನಿಯ ಕೆಲವು ಅಂಶಗಳನ್ನು ಬಿಟ್ಟುಬಿಡುತ್ತದೆ, ಅವನ್ನು ಮರಳಿ ತರಲಾಗದು. ಮೈಕು ಬಾಯಿಗೆ ಒಂದು ಗೇಣು ದೂರದಲ್ಲಿರಲಿ. ತಗಡಿನ ಮಾಡಿನ ಕೆಳಗೆ ಮಳೆಯಲ್ಲಿ ಮುದ್ರಿಸುವುದು ವ್ಯರ್ಥ, ಮಣ್ಣಿನ ಗೋಡೆಯ ಒಳಕೋಣೆ ಅತ್ಯುತ್ತಮ. ಫೋನನ್ನು ಏರೋಪ್ಲೇನ್ ಮೋಡಿಗೆ ಹಾಕಿ. ಕಡತಕ್ಕೆ ದಿನಾಂಕ, ಪೋಡು, ವಿಷಯ, ಕ್ರಮಸಂಖ್ಯೆ ಇರುವ ಹೆಸರನ್ನು ಅಂದೇ ರಾತ್ರಿ ಕೊಡಿ, ನಾಳೆಗೆ ಬಿಟ್ಟರೆ ಮರೆಯುತ್ತದೆ. ಪ್ರತಿ ಮುದ್ರಣಕ್ಕೂ ಮೂರು ಪ್ರತಿಗಳಿರಲಿ, ಅವುಗಳಲ್ಲಿ ಒಂದಾದರೂ ಪೋಡಿನಲ್ಲಿ, ಒಂದಾದರೂ ಬೆಟ್ಟದ ಹೊರಗೆ. ಧ್ವನಿಗೆ ಹೊಂದಿಸಿ ಪಠ್ಯ ಬರೆಯಲು ಇಲಾನ್ (ELAN) ಎಂಬ ಉಚಿತ ತಂತ್ರಾಂಶವಿದೆ. ಎರಡು ಸಾಲಿನ ಬರವಣಿಗೆಗೆ ಅದು ಹೇಳಿ ಮಾಡಿಸಿದಂತಿದೆ. ಶಾಸ್ತ್ರೀಯವಾಗಿ ಮುಂದುವರಿಯಬೇಕೆನ್ನುವವರು ಮೈಸೂರಿನ ಭಾರತೀಯ ಭಾಷಾ ಸಂಸ್ಥಾನದವರನ್ನು ಕೇಳಬಹುದು. 10,000ಕ್ಕಿಂತ ಕಡಿಮೆ ಜನ ಆಡುವ ಭಾಷೆಗಳ ದಾಖಲೆಗೆಂದು ಅಲ್ಲಿ 2013ರಿಂದ ಒಂದು ಯೋಜನೆ ನಡೆದಿದೆ.

ಹಬ್ಬವನ್ನು ಇಡಿಯಾಗಿ ಹಿಡಿಯುವುದು

ಸೋಲಿಗರ ಗೊರುಕನ ಹಾಡು ಕುಣಿತವನ್ನು ಬಯಲಿನ ವೇದಿಕೆಗಳಲ್ಲಿ ನೋಡಿದವರು ಬಹಳ ಮಂದಿ ಇದ್ದಾರೆ. ಹತ್ತು ನಿಮಿಷ, ಒಂದೇ ಬಣ್ಣದ ಉಡುಪು, ಕೊನೆಗೆ ಹಾರ ತುರಾಯಿ. ಅದು ತಪ್ಪೆಂದು ನಾನು ಹೇಳುವುದಿಲ್ಲ. ಪೋಡಿನ ಯುವಕರಿಗೆ ಅದರಿಂದ ಹೆಮ್ಮೆಯೂ ಸ್ವಲ್ಪ ಹಣವೂ ಬರುತ್ತದೆ. ಆದರೆ ಆ ಹತ್ತು ನಿಮಿಷವೇ ಗೊರುಕನವೆಂದು ಪೋಡಿನ ಮಕ್ಕಳು ನಂಬತೊಡಗಿದ ದಿನ ರಾತ್ರಿಯಿಡೀ ನಡೆಯುವ ಹಾಡು ಮುಗಿದಂತೆ. ಹಾಗಾಗಿ ವರ್ಷಕ್ಕೆ ಒಂದು ಹಬ್ಬವನ್ನಾದರೂ, ರಾಗಿ ಕೈಗೆ ಬಂದ ಮೇಲೆ ಮಾಡುವ ರೊಟ್ಟಿ ಹಬ್ಬವನ್ನೇ ಇಟ್ಟುಕೊಳ್ಳಿ, ದಿನ ಗೊತ್ತುಮಾಡುವ ಮಾತುಕತೆಯಿಂದ ಹಿಡಿದು ಮರುದಿನ ಅಂಗಳ ಗುಡಿಸುವವರೆಗೆ ದಾಖಲಿಸಿ. ಯಾರ ಮನೆಯಿಂದ ಎಷ್ಟು ಹಿಟ್ಟು ಬರಬೇಕು ಎಂಬ ಜಗಳ, ರೊಟ್ಟಿ ಬೇಯಿಸುವವರು ಯಾರು, ಮೊದಲ ರೊಟ್ಟಿ ಎಲ್ಲಿಗೆ ಹೋಗುತ್ತದೆ, ಹಾಡನ್ನು ಯಾರು ಎತ್ತುತ್ತಾರೆ, ಮರೆತಾಗ ಯಾರು ನೆನಪಿಸುತ್ತಾರೆ, ಹೆಂಗಸರು ಯಾವಾಗ ಸೇರುತ್ತಾರೆ, ಇವೆಲ್ಲ ಹಾಡಿನ ಪಠ್ಯದಷ್ಟೇ ಮುಖ್ಯವಾದವು. ಕ್ಯಾಮೆರಾಕ್ಕಾಗಿ ಯಾವುದನ್ನೂ ಮತ್ತೊಮ್ಮೆ ಮಾಡಿಸಬೇಡಿ.

ಒಂದು ಪದ್ಧತಿಯನ್ನು ಬರೆಯುವಾಗ ಅದರೊಳಗಿನ ನಂಟನ್ನು ಬರೆಯಿರಿ. ಬೆಟ್ಟದ ರಂಗಸ್ವಾಮಿಯನ್ನು ಸೋಲಿಗರು ಬಾವ ಎನ್ನುತ್ತಾರೆ, ಏಕೆಂದರೆ ಅವನು ಅವರ ಮನೆಯ ಹೆಣ್ಣು ಕುಸುಮಾಲೆಯನ್ನು ಮದುವೆಯಾದವನು. ಇದನ್ನು ‘ಸೋಲಿಗರು ರಂಗನಾಥನ ಭಕ್ತರು’ ಎಂದು ಬರೆದರೆ ಮುಗಿದುಹೋಯಿತು. ಬಾವನೊಂದಿಗಿನ ಸಲಿಗೆ, ತಮಾಷೆ, ಅಧಿಕಾರ, ಭಕ್ತ ಎಂಬ ಪದದಲ್ಲಿ ಸಿಗುವುದಿಲ್ಲ.

ಬಿಟ್ಟುಬಿಡಲು ಪೋಡಿನವರೇ ಬಯಸುವ ಪದ್ಧತಿಗಳೂ ಇರುತ್ತವೆ, ವಿಶೇಷವಾಗಿ ಹೆಂಗಸರಿಗೆ ಹೊರೆಯಾದವು. ಅವನ್ನು ಉಳಿಸಿಕೊಳ್ಳಿ ಎಂದು ಹೊರಗಿನಿಂದ ಬಂದು ಹೇಳುವ ಹಕ್ಕು ಯಾರಿಗೂ ಇಲ್ಲ. ಹೇಗಿತ್ತು, ಯಾಕೆ ಬಿಟ್ಟರು ಎಂಬುದನ್ನು ಅವರ ಮಾತಿನಲ್ಲಿಯೇ ಬರೆದಿಟ್ಟರೆ ಸಾಕು.

ಮಕ್ಕಳ ಬಾಯಲ್ಲಿ

ಇಷ್ಟೆಲ್ಲ ಮುದ್ರಿಸಿಟ್ಟರೂ ಮೂರು ವರ್ಷದ ಮಗು ಆಡದ ನುಡಿ ಪೆಟ್ಟಿಗೆಯೊಳಗಿನ ನುಡಿಯಷ್ಟೇ. ನ್ಯೂಜಿಲೆಂಡಿನ ಮಾವೋರಿಗಳು 1982ರಲ್ಲಿ ನುಡಿಗೂಡುಗಳನ್ನು ಆರಂಭಿಸಿದಾಗ, ಶಾಲೆಗೆ ಮುಂಚಿನ ಮಕ್ಕಳನ್ನು ಅಜ್ಜಿಯರ ಜೊತೆ ಬಿಟ್ಟು, ಆ ಮನೆಯೊಳಗೆ ಮಾವೋರಿ ಬಿಟ್ಟು ಬೇರೆ ಮಾತಿಲ್ಲ ಎಂದರು. ಪೋಡಿನಲ್ಲಿ ಅಂಥ ಮನೆ ಈಗಾಗಲೇ ಇದೆ, ಅದರ ಹೆಸರು ಅಂಗನವಾಡಿ. ಕಾರ್ಯಕರ್ತೆ ಅಥವಾ ಸಹಾಯಕಿ ಅದೇ ಪೋಡಿನವರಾಗುವಂತೆ ಗ್ರಾಮಸಭೆ ಒತ್ತಾಯಿಸಲಿ. ಹಾಗಾಗದಿದ್ದರೆ ದಿನಕ್ಕೆ ಒಂದು ಗಂಟೆ ಒಬ್ಬ ಅಜ್ಜಿ ಅಲ್ಲಿ ಬಂದು ಕೂರಲಿ. ಕತೆ ಹೇಳಬೇಕೆಂದೇನೂ ಇಲ್ಲ. ಅವರೆಕಾಯಿ ಸುಲಿಯುತ್ತ ಗದರಿದರೂ ಆಯಿತು.

ಶಾಲೆಯ ಮೇಷ್ಟ್ರಲ್ಲಿ ನನ್ನ ಬೇಡಿಕೆ ಸಣ್ಣದು. ಮಗು ಸೋಲಿಗ ಪದ ಬಳಸಿದಾಗ ‘ಹಾಗಲ್ಲ’ ಎನ್ನುವ ಬದಲು ‘ನಮ್ಮ ಕಡೆ ಹೀಗೆ ಅಂತಾರೆ’ ಎನ್ನಿ. ಮಗುವಿಗೆ ಎರಡು ಪದಗಳು ದೊರೆಯುತ್ತವೆ, ಯಾವುದೂ ತಪ್ಪಾಗುವುದಿಲ್ಲ. ಗೋಡೆಯ ಮೇಲೆ ಎರಡು ಕಾಲಂಗಳ ಹಾಳೆಯೊಂದನ್ನು ಅಂಟಿಸಿ, ಮಕ್ಕಳು ಮನೆಯಿಂದ ತಂದ ಪದವನ್ನು ಒಂದು ಕಡೆ, ಪಠ್ಯಪುಸ್ತಕದ ಪದವನ್ನು ಇನ್ನೊಂದು ಕಡೆ ಬರೆಸಿ. ಸಂವಿಧಾನದ 350ಎ ವಿಧಿಯೂ 2020ರ ಶಿಕ್ಷಣ ನೀತಿಯೂ ಆರಂಭದ ತರಗತಿಗಳಲ್ಲಿ ತಾಯ್ನುಡಿಯ ಪರವಾಗಿಯೇ ಇವೆ. ಒಡಿಶಾದಲ್ಲಿ ಸೌರಾ, ಕುಯಿ, ಜುವಾಂಗ್ ಮೊದಲಾದ ಬುಡಕಟ್ಟು ನುಡಿಗಳಲ್ಲಿ ಪಠ್ಯಗಳೇ ಬಂದಿವೆ. ಇಲ್ಲಿ ಪಠ್ಯ ಬರುವವರೆಗೆ ಗೋಡೆಯ ಹಾಳೆ ನಡೆಯಲಿ.

ಹಾಸ್ಟೆಲಿನ ಮಕ್ಕಳಿಗೆ ದಸರಾ ಮತ್ತು ಬೇಸಿಗೆ ರಜೆಗಳೇ ಉಳಿದಿರುವ ಅವಕಾಶ. ಆ ವಾರಗಳಲ್ಲಿ ಪ್ರತಿ ಮಗುವನ್ನೂ ಒಬ್ಬ ಹಿರಿಯರ ಕೆಲಸಕ್ಕೆ ಜೊತೆಮಾಡಿ. ಕ್ಯಾಲಿಫೋರ್ನಿಯಾದ ಮೂಲನಿವಾಸಿಗಳು 1990ರ ದಶಕದಲ್ಲಿ ಒಬ್ಬ ಹಿರಿಯರು, ಒಬ್ಬ ಕಲಿಯುವವರು ಎಂಬ ಜೋಡಿಯ ಪದ್ಧತಿಯನ್ನು ರೂಢಿಸಿದ್ದು ಹೀಗೆಯೇ: ಪಾಠವಿಲ್ಲ, ಒಟ್ಟಿಗೆ ಕೆಲಸ, ಕೆಲಸದ ಹೊತ್ತು ಆ ನುಡಿ ಮಾತ್ರ.

ಕಾಗದದ ಬಲ

ಬರೆದಿಟ್ಟದ್ದು ಕಚೇರಿಯಲ್ಲೂ ಕೆಲಸಕ್ಕೆ ಬರುತ್ತದೆ. ಅರಣ್ಯ ಹಕ್ಕು ನಿಯಮಗಳಲ್ಲಿ ಹಿರಿಯರ ಲಿಖಿತ ಹೇಳಿಕೆಯನ್ನೂ ಪೂಜೆಯ ನೆಲೆ, ಸಮಾಧಿಗಳಂಥ ಗುರುತುಗಳನ್ನೂ ಸಾಕ್ಷ್ಯವಾಗಿ ಒಪ್ಪಲಾಗಿದೆ. ಬಿಳಿಗಿರಿರಂಗನ ಬೆಟ್ಟ 2011ರ ಆರಂಭದಲ್ಲಿ ಹುಲಿ ಸಂರಕ್ಷಿತ ಪ್ರದೇಶವಾಯಿತು, ಅದೇ ವರ್ಷ ಅಲ್ಲಿನ ಗ್ರಾಮಸಭೆಗಳಿಗೆ ಸಮುದಾಯ ಅರಣ್ಯ ಹಕ್ಕು ದೊರೆಯಿತು. ಇನ್ನೂ ಹಕ್ಕುಪತ್ರ ಸಿಗದ ಬೆಟ್ಟದ ಊರುಗಳವರು ಜಾಗದ ಹೆಸರುಗಳ ಪುಸ್ತಕದ ಒಂದು ಪ್ರತಿಯನ್ನು ಅರಣ್ಯ ಹಕ್ಕು ಸಮಿತಿಯ ಕಡತಕ್ಕೆ ಸೇರಿಸಲಿ.

ಜನಗಣತಿಯ ವಿಷಯವನ್ನೂ ಮರೆಯಬೇಡಿ. 10,000ಕ್ಕಿಂತ ಕಡಿಮೆ ಜನ ಹೇಳಿದ ತಾಯ್ನುಡಿಯ ಹೆಸರು ಪ್ರಕಟಿತ ಪಟ್ಟಿಯಲ್ಲಿ ಬೇರೆಯಾಗಿ ಬರುವುದಿಲ್ಲ. 2011ರ ಪಟ್ಟಿಯಲ್ಲಿ ಕೊಡವ ನುಡಿಯವರು 1,13,857 ಮಂದಿ. ನೀಲಗಿರಿಯ ಬಡಗವನ್ನು ಕನ್ನಡದ ಅಡಿಯಲ್ಲಿ ಸೇರಿಸಿದರೂ ಅದರ ಹೆಸರು ಮತ್ತು ಸಂಖ್ಯೆ ಪಟ್ಟಿಯಲ್ಲಿವೆ. ಗಣತಿಯವರು ಬಂದಾಗ ಅಭ್ಯಾಸಬಲದಿಂದ ಕನ್ನಡ ಎಂದುಬಿಟ್ಟರೆ, ಅಥವಾ ಒಂದು ಪೋಡು ಸೋಲಿಗ, ಇನ್ನೊಂದು ಶೋಲಗ, ಮತ್ತೊಂದು ಕಾಡುಭಾಷೆ ಎಂದು ಬರೆಸಿದರೆ, ಲೆಕ್ಕ ಚೂರುಚೂರಾಗುತ್ತದೆ. 2027ರ ಗಣತಿಗೆ ಮುನ್ನ ಪೋಡುಗಳ ಯಜಮಾನರು ಒಂದೇ ಹೆಸರು, ಒಂದೇ ಕಾಗುಣಿತ ಎಂದು ಮಾತಾಡಿಕೊಳ್ಳುವುದು ಒಂದು ಸಂಜೆಯ ಕೆಲಸ. ಮನೆಮನೆಗೆ ಆ ಹೆಸರು ಬರೆದ ಚೀಟಿ ಹಂಚಿ, ಗಣತಿದಾರರು ಬರೆದದ್ದನ್ನು ಓದಿಸಿ ನೋಡಲು ಹೇಳಿ.

ಕೇಳಿಸುವ ರಾತ್ರಿ

ಮುದ್ರಿಸಿದ್ದನ್ನು ವರ್ಷಕ್ಕೆ ಎರಡು ಸಲವಾದರೂ ಪೋಡಿನ ನಡುವೆ ಸ್ಪೀಕರ್ ಇಟ್ಟು ಕೇಳಿಸಿ. ಸೋಲಾರ್ ದೀಪಕ್ಕೆ ಚಾರ್ಜ್ ಆಗುವ ಬ್ಲೂಟೂತ್ ಸ್ಪೀಕರ್ ಸಾಕು. ಆ ರಾತ್ರಿ ಪುಸ್ತಕ, ಪೆನ್ನು ಹಿಡಿದು ಹಿಂದೆ ಕುಳಿತುಕೊಳ್ಳಿ, ಏಕೆಂದರೆ ತಿದ್ದುಪಡಿ ಬರುವುದು ಆಗ: ‘ಅವನು ಹೇಳಿದ್ದು ಆ ಹಳ್ಳವಲ್ಲ’, ‘ಈ ಸಾಲಿನ ಮುಂದೆ ಇನ್ನೊಂದಿದೆ’, ‘ನಮ್ಮ ಕುಲದಲ್ಲಿ ಬೇರೆ ಥರ ಹಾಡುತ್ತೇವೆ’. ಈ ತಿದ್ದುಪಡಿ ಅವರದು, ಆದ್ದರಿಂದ ಅದನ್ನು ಬರೆದುಕೊಳ್ಳಬೇಕು. ಹಳೆಯದನ್ನು ಅಳಿಸದೆ, ಹೇಳಿದವರ ಹೆಸರು ಮತ್ತು ದಿನಾಂಕದೊಡನೆ ಪಕ್ಕದಲ್ಲಿ ಬರೆಯಿರಿ. ಮಕ್ಕಳು ಮೊದಮೊದಲು ನಗುತ್ತಾರೆ, ಅಜ್ಜನ ದನಿ ಡಬ್ಬದಿಂದ ಬರುವುದು ಅವರಿಗೆ ತಮಾಷೆ. ನಗಲು ಬಿಡಿ, ಮುಂದಿನ ವಾರ ಆ ಸಾಲನ್ನು ಅವರೇ ಅಣಕಿಸುತ್ತ ಹೇಳುತ್ತಿರುತ್ತಾರೆ.

ಕೇಳಿಸುವ ಮುನ್ನ ಪಟ್ಟಿಯನ್ನು ಒಮ್ಮೆ ನೋಡಿಕೊಳ್ಳಿ. ಧ್ವನಿ ಕೊಟ್ಟವರಲ್ಲಿ ಯಾರಾದರೂ ಈ ನಡುವೆ ತೀರಿಕೊಂಡಿದ್ದರೆ, ಹಗಲಲ್ಲಿಯೇ ಆ ಮನೆಗೆ ಹೋಗಿ, ಇವತ್ತು ರಾತ್ರಿ ಅವರ ದನಿ ಹಾಕಬಹುದೇ ಎಂದು ಕೇಳಿ. ಬೇಡ ಎಂದರೆ ಹಾಕಬೇಡಿ. ಯಾವಾಗ ಹಾಕಬಹುದು ಎಂದು ಅವರು ಹೇಳಿದರೆ ಅದನ್ನೂ ಕಡತದ ಹೆಸರಿನ ಪಕ್ಕದಲ್ಲಿ ಬರೆದಿಡಿ.